ಕನ್ಸೋಲ್‌ನಲ್ಲಿ ನಗರ ಕಟ್ಟುವ ಆಟಗಳು: ಹೊಸಬರು ಪದೇ ಪದೇ ಕೇಳುವ ಪ್ರಶ್ನೆಗಳು

ಇಲ್ಲಿನ ಉತ್ತರಗಳಲ್ಲಿ ಹೆಚ್ಚಿನವು ‘ಸಿಟೀಸ್: ಸ್ಕೈಲೈನ್ಸ್’ ಆಟದ ಮೊದಲ ಭಾಗವನ್ನು ಕುರಿತವು. ಫಿನ್ಲೆಂಡಿನ ಟಾಂಪೆರೆ ನಗರದ ಕೊಲೋಸಲ್ ಆರ್ಡರ್ ಎಂಬ ತಂಡ ರೂಪಿಸಿ, ಸ್ವೀಡನ್ನಿನ ಪ್ಯಾರಡಾಕ್ಸ್ ಇಂಟರಾಕ್ಟಿವ್ ಪ್ರಕಟಿಸಿದ ಈ ಆಟ 2015ರ ಮಾರ್ಚ್‌ನಲ್ಲಿ ಕಂಪ್ಯೂಟರಿಗೂ, 2017ರಲ್ಲಿ ಎಕ್ಸ್‌ಬಾಕ್ಸ್ ಒನ್ ಮತ್ತು ಪ್ಲೇಸ್ಟೇಷನ್ 4ಕ್ಕೂ, 2018ರಲ್ಲಿ ನಿಂಟೆಂಡೊ ಸ್ವಿಚ್‌ಗೂ ಬಂದಿತು. ಕೊನೆಯಲ್ಲಿ ಬೇರೆ ಆಟಗಳ ಮಾತೂ ಸ್ವಲ್ಪ ಬರುತ್ತದೆ.

ನಗರ ಕಟ್ಟುವ ಆಟವನ್ನು ಹಿಂದೆಂದೂ ಆಡಿಲ್ಲ. ಕನ್ಸೋಲ್‌ನಲ್ಲಿ ಯಾವುದರಿಂದ ಆರಂಭಿಸಬೇಕು?

‘ಸಿಟೀಸ್: ಸ್ಕೈಲೈನ್ಸ್’ನಿಂದಲೇ ಆರಂಭಿಸಬೇಕೆಂಬುದು ನನ್ನ ಅಭಿಪ್ರಾಯ. ಇದರಲ್ಲಿ ಶತ್ರುಗಳಿಲ್ಲ, ಇಷ್ಟು ದಿನದೊಳಗೆ ಇಷ್ಟು ಮುಗಿಸಬೇಕೆಂಬ ಗಡುವಿಲ್ಲ, ಬೇಕೆನಿಸಿದಾಗ ಕಾಲವನ್ನು ನಿಲ್ಲಿಸಿ ಯೋಚಿಸಬಹುದು. ‘ಟ್ರೋಪಿಕೊ 6’ರಲ್ಲಿ ಕೆರಿಬಿಯನ್ ದ್ವೀಪಗಳ ಆಳ್ವಿಕೆಯೊಂದಿಗೆ ಚುನಾವಣೆ, ರಾಜಕೀಯ ಬಣಗಳು, ವಿದೇಶಿ ಶಕ್ತಿಗಳ ಓಲೈಕೆ ಎಲ್ಲವೂ ಸೇರಿಕೊಳ್ಳುವುದರಿಂದ ಅದು ಎರಡನೆಯ ಆಟವಾಗಿ ಸೊಗಸು. ‘ಆನೊ 1800’ರ ಕನ್ಸೋಲ್ ಆವೃತ್ತಿ 2023ರಲ್ಲಿ ಬಂದಿದ್ದು, ಅದರ ಜೀವಾಳ ಸರಕು ತಯಾರಿಕೆ ಮತ್ತು ಹಡಗುಗಳ ಸಾಗಾಟ. ‘ಫ್ರಾಸ್ಟ್‌ಪಂಕ್’ ಅನ್ನು ಮಾತ್ರ ಮೊದಲ ಆಟವಾಗಿ ಎತ್ತಿಕೊಳ್ಳಬೇಡಿ; ಕಾರಣವನ್ನು ಮುಂದೆ ಹೇಳಿದ್ದೇನೆ.

ಕಂಪ್ಯೂಟರ್ ಆವೃತ್ತಿಗೂ ಕನ್ಸೋಲ್ ಆವೃತ್ತಿಗೂ ಏನು ವ್ಯತ್ಯಾಸ?

ಆಟದ ಒಳಗಿನ ಲೆಕ್ಕಾಚಾರ ಎರಡರಲ್ಲೂ ಒಂದೇ. ಆದರೆ ಕಂಪ್ಯೂಟರಿನಲ್ಲಿ ಆಟಗಾರರು ತಾವೇ ತಯಾರಿಸಿ ಹಂಚಿಕೊಳ್ಳುವ ಸಾವಿರಾರು ಕಟ್ಟಡಗಳು ಮತ್ತು ಸಂಚಾರ ನಿಯಂತ್ರಣದ ಹೆಚ್ಚುವರಿ ಸಾಧನಗಳು ಸಿಗುತ್ತವೆ. ಕನ್ಸೋಲ್‌ನಲ್ಲಿ ಆ ಬಗೆಯ ಸಂಚಾರ ಸಾಧನಗಳಿಲ್ಲ. ಹೀಗಾಗಿ ಅಂತರ್ಜಾಲದಲ್ಲಿ ನೋಡುವ ಎಷ್ಟೋ ಸಲಹೆಗಳು, ಅದರಲ್ಲೂ ಯಾವ ವಾಹನ ಯಾವ ಲೇನ್‌ನಲ್ಲಿ ಹೋಗಬೇಕೆಂದು ಗೆರೆ ಎಳೆಯುವುದು ಮುಂತಾದವು, ನಿಮ್ಮ ಕೈಗೆ ಬರುವುದಿಲ್ಲ. ಹಳೆಯ ಕನ್ಸೋಲ್‌ಗಳಲ್ಲಿ ನಗರವನ್ನು ಒಂಬತ್ತು ಭೂಚೌಕಗಳವರೆಗೆ (ನಕ್ಷೆಯನ್ನು ಭಾಗಿಸಿದ ದೊಡ್ಡ ತುಂಡುಗಳು) ವಿಸ್ತರಿಸಬಹುದಿತ್ತು. 2023ರಲ್ಲಿ ಪ್ಲೇಸ್ಟೇಷನ್ 5 ಮತ್ತು ಎಕ್ಸ್‌ಬಾಕ್ಸ್ ಸೀರೀಸ್‌ಗೆ ಬಂದ ‘ರೀಮಾಸ್ಟರ್ಡ್’ ಆವೃತ್ತಿಯಲ್ಲಿ ಅದು ಇಪ್ಪತ್ತೈದಕ್ಕೆ ಏರಿತು. ಹೊಸಬರಿಗೆ ಒಂಬತ್ತೂ ಧಾರಾಳ. ಮೊದಲ ಕೆಲವು ವಾರಗಳಲ್ಲಿ ನೀವು ಮೂರು ಚೌಕಗಳನ್ನು ದಾಟುವ ಸಂಭವ ಕಡಿಮೆ.

ಆಟದ ಪಟ್ಟಿಗಳಲ್ಲಿ ಕನ್ನಡವಿಲ್ಲ; ಇಂಗ್ಲಿಷ್‌ನಲ್ಲೇ ಓದಿಕೊಳ್ಳಬೇಕು. ಆದರೂ ಬಣ್ಣ ಮತ್ತು ಚಿಹ್ನೆಗಳು ಸ್ಪಷ್ಟವಾಗಿರುವುದರಿಂದ ಕೆಲವೇ ದಿನಗಳಲ್ಲಿ ಅಕ್ಷರ ನೋಡದೆಯೇ ಕೈ ಓಡುತ್ತದೆ. ದೂರದಿಂದ ಟಿವಿ ನೋಡುವವರಿಗೆ ಅಂಕಿಗಳು ಸಣ್ಣವಾಗಿ ಕಾಣುತ್ತವೆ, ಆದ್ದರಿಂದ ಮೊದಲ ದಿನಗಳಲ್ಲಿ ಪರದೆಗೆ ಹತ್ತಿರವೇ ಕುಳಿತುಕೊಳ್ಳಿ.

ಆಟ ತೆರೆದ ಮೇಲೆ ಮೊದಲ ಅರ್ಧ ಗಂಟೆ ಏನು ಮಾಡಬೇಕು?

ಮೊದಲು ಕಾಲವನ್ನು ನಿಲ್ಲಿಸಿ. ನಿಮ್ಮ ಬಳಿ 70,000 ಹಣವಿರುತ್ತದೆ, ಒಂದು ಹೆದ್ದಾರಿಯ ಕೊನೆ ನಿಮ್ಮ ಚೌಕದೊಳಗೆ ಬಂದು ನಿಂತಿರುತ್ತದೆ, ಹತ್ತಿರದಲ್ಲಿ ನದಿಯೋ ಸಮುದ್ರವೋ ಇರುತ್ತದೆ. ಒಂದು ಮನೆಯೂ ಏಳುವ ಮುನ್ನ ನೀರು ಯಾವ ದಿಕ್ಕಿಗೆ ಹರಿಯುತ್ತಿದೆ, ಗಾಳಿ ಎಲ್ಲಿ ಬಲವಾಗಿದೆ, ಭೂಮಿಯಡಿಯ ಸಂಪತ್ತು ಎಲ್ಲಿದೆ ಎಂಬುದನ್ನು ಮಾಹಿತಿ ನೋಟಗಳಲ್ಲಿ (ಒಂದೇ ವಿಷಯವನ್ನು ನಕ್ಷೆಯ ಮೇಲೆ ಬಣ್ಣದಲ್ಲಿ ತೋರಿಸುವ ಪರದೆಗಳು) ಒಂದೊಂದಾಗಿ ನೋಡಿಕೊಳ್ಳಿ. ಇದಕ್ಕೆ ಬೇಕಾಗುವುದು ಐದೇ ನಿಮಿಷ.

ಆನಂತರ ಹೆದ್ದಾರಿಯ ಕೊನೆಯಿಂದ ಸ್ವಲ್ಪ ಅಗಲವಾದ ರಸ್ತೆಯೊಂದನ್ನು ಒಳಕ್ಕೆ ತನ್ನಿ, ಅದರಿಂದ ಕವಲೊಡೆದ ಎರಡು ಲೇನ್‌ಗಳ ಸಣ್ಣ ರಸ್ತೆಗಳ ಎರಡು ಬದಿಗೆ ಮನೆಗಳನ್ನು ಗುರುತಿಸಿ, ಅಂದರೆ ಮನೆಗಳಿಗೆಂದು ಜಾಗ ಬಿಡಿ; ಕಟ್ಟಡಗಳು ಅಲ್ಲಿ ತಾವಾಗಿಯೇ ಏಳುತ್ತವೆ. ರಸ್ತೆಯ ಬದಿಯಲ್ಲಿ ಕಾಣುವ ಸಣ್ಣ ಮನೆಚೌಕಗಳ ಲೆಕ್ಕದಲ್ಲಿ ನಾಲ್ಕು ಚೌಕದ ಆಳಕ್ಕೆ ಮಾತ್ರ ಕಟ್ಟಡ ಏಳುತ್ತದೆ. ಹಾಗಾಗಿ ಸಮಾನಾಂತರ ರಸ್ತೆಗಳ ನಡುವೆ ಅಂಥ ಎಂಟು ಸಣ್ಣ ಚೌಕದ ಅಂತರವಿಟ್ಟರೆ ಜಾಗ ವ್ಯರ್ಥವಾಗುವುದಿಲ್ಲ. ಗಾಳಿಯಂತ್ರವೊಂದು, ನೀರೆತ್ತುವ ಘಟಕವೊಂದು, ಕೊಳಚೆ ಹೊರಬಿಡುವ ಕೊಳವೆಯೊಂದು, ಅವನ್ನು ಜೋಡಿಸುವ ನೀರಿನ ಕೊಳವೆಗಳು: ಮೊದಲ ಬಡಾವಣೆಗೆ ಇಷ್ಟು ಸಾಕು. ಆಗ ಕಾಲವನ್ನು ನಿಧಾನ ವೇಗದಲ್ಲಿ ಓಡಲು ಬಿಡಿ.

ಇಲ್ಲಿಯೇ ಒಂದು ಮಾತನ್ನು ಒತ್ತಿ ಹೇಳಬೇಕು, ಏಕೆಂದರೆ ಮುಂದಿನ ಬಹುತೇಕ ಉತ್ತರಗಳು ಅದರಿಂದಲೇ ಹುಟ್ಟುತ್ತವೆ. ಈ ಆಟದಲ್ಲಿ ಮಾಡಿದ ಕೆಲಸದ ಫಲ ಕೂಡಲೇ ಕಾಣುವುದಿಲ್ಲ. ಇಂದು ಗುರುತಿಸಿದ ನೂರು ಮನೆಗಳ ಕಸ, ಕಾಯಿಲೆ, ಶಾಲೆಯ ಬೇಡಿಕೆ, ಸಾವು ಎಲ್ಲವೂ ಆಟದ ಕಾಲದಲ್ಲಿ ತಿಂಗಳುಗಳ, ವರ್ಷಗಳ ಅನಂತರ ಬಂದು ನಿಲ್ಲುತ್ತವೆ, ಆ ಹೊತ್ತಿಗೆ ನಾವು ಇನ್ನೂ ಮುನ್ನೂರು ಮನೆಗಳನ್ನು ಗುರುತಿಸಿರುತ್ತೇವೆ. ಆದ್ದರಿಂದ ಒಂದು ಬಡಾವಣೆ ತುಂಬಿ, ಅದರ ಬೇಡಿಕೆಗಳೆಲ್ಲ ಹೊರಬಿದ್ದು, ಆದಾಯ ಸ್ಥಿರವಾದ ಮೇಲಷ್ಟೇ ಮುಂದಿನ ಬಡಾವಣೆಗೆ ಕೈ ಹಾಕಿ.

ಜನರೆಲ್ಲ ಏಕಾಏಕಿ ಕಾಯಿಲೆ ಬೀಳುತ್ತಿದ್ದಾರೆ. ಆಸ್ಪತ್ರೆ ಕಟ್ಟಿದರೂ ನಿಲ್ಲುತ್ತಿಲ್ಲ. ಏಕೆ?

ಹತ್ತರಲ್ಲಿ ಒಂಬತ್ತು ಬಾರಿ ಕಾರಣ ನೀರು. ನೀರೆತ್ತುವ ಘಟಕ ನದಿಯ ಹರಿವಿನ ಮೇಲ್ಭಾಗದಲ್ಲಿರಬೇಕು, ಕೊಳಚೆಯ ಕೊಳವೆ ಕೆಳಭಾಗದಲ್ಲಿರಬೇಕು. ನನ್ನ ಮೊದಲ ನಗರದಲ್ಲಿ ಎರಡನ್ನೂ ಸರಿಯಾಗಿಯೇ ಇಟ್ಟಿದ್ದೆ. ಆದರೆ ನಗರ ಬೆಳೆದಾಗ ಎರಡನೆಯ ಕೊಳಚೆ ಕೊಳವೆಯನ್ನು ಅವಸರದಲ್ಲಿ ಜಾಗ ಕಂಡ ಕಡೆ ಇಟ್ಟುಬಿಟ್ಟೆ. ಅದು ನೀರೆತ್ತುವ ಘಟಕಕ್ಕಿಂತ ಮೇಲಿತ್ತು. ಕೆಲವೇ ನಿಮಿಷಗಳಲ್ಲಿ ಇಡೀ ಊರಿಗೆ ಕೊಳಚೆ ನೀರು ಹರಿದು, ಮನೆಗಳು ಒಂದರ ಹಿಂದೊಂದು ಖಾಲಿಯಾದವು. ಘಟಕವನ್ನು ಸ್ಥಳಾಂತರಿಸಿದ ಮೇಲೂ ಊರು ಮತ್ತೆ ತುಂಬಲು ಬಹಳ ಕಾಲ ಹಿಡಿಯಿತು.

ನೀರಿನ ಮಾಹಿತಿ ನೋಟ ತೆರೆದರೆ ಹರಿವಿನ ದಿಕ್ಕನ್ನು ಬಾಣಗಳು ತೋರಿಸುತ್ತವೆ. ಪ್ರತಿ ಹೊಸ ಕೊಳವೆಗೂ ಒಮ್ಮೆ ಅದನ್ನು ನೋಡಿ. ನದಿಯ ಬದಲು ನೀರಿನ ಗೋಪುರವನ್ನು ಬಳಸುವವರು ಬೇರೊಂದನ್ನು ನೆನಪಿಡಬೇಕು: ಗೋಪುರ ಅಂತರ್ಜಲವನ್ನು ಎತ್ತುತ್ತದೆ, ಹಾಗಾಗಿ ಕಾರ್ಖಾನೆಗಳಿಂದ ಮಲಿನವಾದ ನೆಲದ ಮೇಲೆ ಅದು ನಿಂತರೆ ಪರಿಣಾಮ ಒಂದೇ.

ನೀರು ಸರಿಯಿದ್ದೂ ಕಾಯಿಲೆ ಕಂಡರೆ ಸದ್ದಿನ ನೋಟವನ್ನು ತೆರೆಯಿರಿ. ಗಾಳಿಯಂತ್ರ ಹೊಗೆಯುಗುಳದಿದ್ದರೂ ದೊಡ್ಡ ಸದ್ದು ಮಾಡುತ್ತದೆ. ಅಂಗಡಿ ಸಾಲು, ದೊಡ್ಡ ರಸ್ತೆ ಇವುಗಳಿಂದಲೂ ಸದ್ದು ಹುಟ್ಟುತ್ತದೆ, ನಿರಂತರ ಸದ್ದಿನ ನಡುವೆ ಇರುವವರ ಆರೋಗ್ಯ ಆಟದಲ್ಲಿಯೂ ಕೆಡುತ್ತದೆ.

ಹಣ ಯಾವಾಗಲೂ ಖಾಲಿಯಾಗುತ್ತದೆ. ಎಲ್ಲಿ ತಪ್ಪುತ್ತಿದ್ದೇನೆ?

ಬಹುಶಃ ನೀವು ಬಳಕೆಗಿಂತ ಹೆಚ್ಚಿನ ಸೇವೆಗೆ ಹಣ ಕಟ್ಟುತ್ತಿದ್ದೀರಿ. ಪ್ರತಿ ರಸ್ತೆಗೂ ಪ್ರತಿ ಕಟ್ಟಡಕ್ಕೂ ವಾರದ ನಿರ್ವಹಣಾ ವೆಚ್ಚವಿದೆ. ಮೊದಲ ಮೈಲಿಗಲ್ಲಿನಲ್ಲಿ (ಜನಸಂಖ್ಯೆ ಒಂದು ಮಟ್ಟ ಮುಟ್ಟಿ ಹೊಸ ಕಟ್ಟಡಗಳು ತೆರೆದುಕೊಳ್ಳುವ ಹಂತ) ಶಾಲೆ, ಚಿಕಿತ್ಸಾಲಯ ತೆರೆದುಕೊಂಡ ತಕ್ಷಣ ಎಲ್ಲವನ್ನೂ ಒಂದೊಂದು ಕಟ್ಟಬೇಕೆನಿಸುತ್ತದೆ. ಮುಂದಿನದರಲ್ಲಿ ಅಗ್ನಿಶಾಮಕ, ಪೊಲೀಸ್ ಸೇರಿಕೊಳ್ಳುತ್ತವೆ. ಮೈಲಿಗಲ್ಲು ಮುಟ್ಟಿದಾಗ ಸಿಗುವ ಬಹುಮಾನದ ಹಣ ಅದಕ್ಕೆ ಸಾಕಾಗುತ್ತದೆ ಕೂಡ. ಆದರೆ ಬಹುಮಾನ ಬರುವುದು ಒಮ್ಮೆ, ನಿರ್ವಹಣೆ ಕಟ್ಟುವುದು ವಾರ ವಾರ. ಪರದೆಯ ಕೆಳಗೆ ಕೈಯಲ್ಲಿರುವ ಮೊತ್ತದ ಪಕ್ಕದಲ್ಲಿ ಕಾಣುವ ವಾರದ ಆದಾಯದ ಅಂಕಿಯನ್ನೇ ನೋಡುವ ಅಭ್ಯಾಸ ಮಾಡಿಕೊಳ್ಳಿ.

ಇನ್ನೊಂದು ಉಪಾಯ ಅಷ್ಟೇ ಪ್ರಯೋಜನಕಾರಿ. ಆರಂಭದಲ್ಲಿ ವಿದ್ಯುತ್ತು ಮತ್ತು ನೀರಿನ ಬಜೆಟ್ಟನ್ನು ಶೇಕಡಾ 50ಕ್ಕೆ ಇಳಿಸಬಹುದು. ಇಪ್ಪತ್ತು ಮನೆಗಳಿಗೆ ಒಂದು ಘಟಕದ ಪೂರ್ಣ ಸಾಮರ್ಥ್ಯ ಬೇಕಿಲ್ಲ. ಬೇಡಿಕೆ ಏರಿದಂತೆ ಬಜೆಟ್ಟನ್ನೂ ಏರಿಸುತ್ತಾ ಹೋಗಿ. ಆದರೆ ಪೂರೈಕೆಯ ಗೆರೆ ಬೇಡಿಕೆಯ ಗೆರೆಗೆ ತಾಗುವ ಮುನ್ನವೇ ಏರಿಸಬೇಕು: ವಿದ್ಯುತ್ತು ಕಡಿಮೆಯಾದರೆ ನೀರೆತ್ತುವ ಘಟಕ ನಿಲ್ಲುತ್ತದೆ, ನೀರು ನಿಂತರೆ ಜನ ಊರು ಬಿಡುತ್ತಾರೆ, ಜನ ಬಿಟ್ಟರೆ ತೆರಿಗೆ ಕುಸಿಯುತ್ತದೆ, ಆಗ ಹೊಸ ವಿದ್ಯುತ್ ಸ್ಥಾವರಕ್ಕೆ ಹಣವೇ ಉಳಿದಿರುವುದಿಲ್ಲ.

ತೆರಿಗೆ ಏರಿಸಬಹುದೇ? ಸಾಲ ಪಡೆಯಬಹುದೇ?

ತೆರಿಗೆ ಆರಂಭದಲ್ಲಿ ಶೇಕಡಾ 9 ಇರುತ್ತದೆ. ಊರು ಸುಸ್ಥಿತಿಯಲ್ಲಿದ್ದರೆ 11 ಅಥವಾ 12ರವರೆಗೆ ಜನರು ಸಾಮಾನ್ಯವಾಗಿ ಸಹಿಸಿಕೊಳ್ಳುತ್ತಾರೆ. ಅದಕ್ಕೂ ಮೇಲೇರಿಸಿದರೆ ಅಸಮಾಧಾನ ಹೆಚ್ಚಿ ಹೊಸಬರು ಬರುವುದು ನಿಲ್ಲುತ್ತದೆ. ಸಾಲದ ವಿಷಯದಲ್ಲಿ ನನ್ನ ನಿಲುವು ಸರಳ: ಆದಾಯ ತರುವ ಕೆಲಸಕ್ಕೆ, ಅಂದರೆ ಹೊಸ ಬಡಾವಣೆಗೋ ಬೆಳವಣಿಗೆಗೆ ಅಡ್ಡಿಯಾದ ರಸ್ತೆಯನ್ನು ಸರಿಪಡಿಸುವುದಕ್ಕೋ ಪಡೆಯಿರಿ, ವಾರದ ನಷ್ಟ ತುಂಬಲು ಪಡೆಯಬೇಡಿ.

ಪರದೆಯಲ್ಲಿ ಬೇಡಿಕೆ ತೋರಿಸುವ ಹಸಿರು, ನೀಲಿ, ಹಳದಿ ಪಟ್ಟಿಗಳನ್ನು ಹೇಗೆ ಓದಬೇಕು?

ಹಸಿರು ಮನೆಗಳ ಬೇಡಿಕೆ, ನೀಲಿ ಅಂಗಡಿಗಳದ್ದು, ಹಳದಿ ಕಾರ್ಖಾನೆ ಮತ್ತು ಕಚೇರಿಗಳದ್ದು. ಪಟ್ಟಿ ಎತ್ತರವಾಗಿದೆ ಎಂದಮಾತ್ರಕ್ಕೆ ಅದು ಇಳಿಯುವವರೆಗೂ ಬಣ್ಣ ಬಳಿಯುತ್ತಾ ಹೋಗಬೇಕಾಗಿಲ್ಲ. ಒಂದು ಪಟ್ಟಿಯನ್ನು ತಣಿಸಿದರೆ ಇನ್ನೊಂದು ಏಳುತ್ತದೆ: ಜನ ಬಂದರೆ ಅವರಿಗೆ ಕೆಲಸವೂ ಅಂಗಡಿಯೂ ಬೇಕು, ಅಂಗಡಿ ಬಂದರೆ ಅದಕ್ಕೆ ಸರಕು ಬೇಕು. ಅಂಗಡಿಗಳ ಮೇಲೆ ಸರಕಿನ ಕೊರತೆಯ ಚಿಹ್ನೆ ಕಂಡರೆ ಕಾರ್ಖಾನೆ ಕಡಿಮೆಯಾಗಿದೆ ಎಂದೋ, ಲಾರಿಗಳು ದಾರಿಯಲ್ಲೇ ಸಿಕ್ಕಿಬಿದ್ದಿವೆ ಎಂದೋ ಅರ್ಥ. ಎರಡನೆಯದೇ ಹೆಚ್ಚು.

ಊರು ಸ್ವಲ್ಪ ಬೆಳೆದೊಡನೆ ವಾಹನ ದಟ್ಟಣೆ ಎಲ್ಲವನ್ನೂ ನಿಲ್ಲಿಸುತ್ತದೆ. ರಸ್ತೆ ಅಗಲ ಮಾಡಿದರೂ ಪ್ರಯೋಜನವಾಗಲಿಲ್ಲ.

ಅಗಲ ಮಾಡುವುದರಿಂದ ದಟ್ಟಣೆ ಕರಗುವುದು ಅಪರೂಪ, ಏಕೆಂದರೆ ವಾಹನಗಳು ನಿಲ್ಲುವುದು ರಸ್ತೆಯ ಮೇಲಲ್ಲ, ಜಂಕ್ಷನ್‌ನಲ್ಲಿ. ದೊಡ್ಡ ರಸ್ತೆಗಳು ಕೂಡುವೆಡೆ ಆಟ ತಾನಾಗಿಯೇ ಸಿಗ್ನಲ್ ಇಡುತ್ತದೆ. ಹತ್ತು ಹೆಜ್ಜೆಗೊಂದು ಅಡ್ಡರಸ್ತೆ ಕೂಡಿಸಿದ ಆರು ಲೇನ್‌ಗಳ ರಸ್ತೆ, ಅಡ್ಡರಸ್ತೆಯೇ ಇಲ್ಲದ ಎರಡು ಲೇನ್‌ಗಳ ರಸ್ತೆಗಿಂತ ನಿಧಾನವಾಗಿ ಸಾಗುವುದನ್ನು ನೀವೇ ಕಾಣಬಹುದು.

ಹಾಗಾಗಿ ರಸ್ತೆಗಳಿಗೆ ಮೂರು ದರ್ಜೆಗಳನ್ನು ಮನಸ್ಸಿನಲ್ಲಿಟ್ಟುಕೊಳ್ಳಿ. ಮನೆಗಳಿರುವುದು ಸಣ್ಣ ರಸ್ತೆಗಳಲ್ಲಿ. ಹಲವು ಸಣ್ಣ ರಸ್ತೆಗಳನ್ನು ಒಟ್ಟುಗೂಡಿಸುವುದು ಮಧ್ಯಮ ರಸ್ತೆ. ಮಧ್ಯಮ ರಸ್ತೆಗಳನ್ನು ಹೆದ್ದಾರಿಗೆ ಒಯ್ಯುವುದು ದೊಡ್ಡ ರಸ್ತೆ, ಅದರ ಪಕ್ಕದಲ್ಲಿ ಕಟ್ಟಡವೂ ಬೇಡ, ಸಣ್ಣ ರಸ್ತೆ ನೇರವಾಗಿ ಅದಕ್ಕೆ ಬಂದು ಸೇರುವುದೂ ಬೇಡ. ಹೊಸಬರ ನಗರಗಳಲ್ಲಿ ನಾನು ಹೆಚ್ಚಾಗಿ ಕಂಡ ತಪ್ಪೆಂದರೆ ಹೆದ್ದಾರಿಯಿಂದ ಇಳಿದ ಮೊದಲ ಮಾರಿನಲ್ಲೇ ಜಂಕ್ಷನ್ ಇಟ್ಟು, ಅದರ ಸುತ್ತ ಅಂಗಡಿಗಳನ್ನು ತುಂಬಿಸಿರುವುದು. ಊರಿಗೆ ಬರುವ ಪ್ರತಿ ವಾಹನವೂ ಆ ಒಂದೇ ಸಿಗ್ನಲ್‌ನಲ್ಲಿ ನಿಲ್ಲಬೇಕಾಗುತ್ತದೆ, ಸಾಲು ಹೆದ್ದಾರಿಯವರೆಗೂ ಬೆಳೆಯುತ್ತದೆ. ಇಳಿದಾಣ ಮತ್ತು ಮೊದಲ ಜಂಕ್ಷನ್ ನಡುವೆ ಧಾರಾಳ ಅಂತರವಿಡಿ, ಸಾಧ್ಯವಾದರೆ ಅಲ್ಲೊಂದು ಏಕಮುಖ ರಸ್ತೆಯ ವೃತ್ತ ಕಟ್ಟಿ. ವೃತ್ತದಲ್ಲಿ ವಾಹನಗಳು ಒಂದೇ ದಿಕ್ಕಿಗೆ ಸುತ್ತುವುದರಿಂದ ಪರಸ್ಪರ ಅಡ್ಡ ಹಾಯುವುದು ತಪ್ಪುತ್ತದೆ.

ಕಾರ್ಖಾನೆಯ ಲಾರಿಗಳಿಗೆ ಹೆದ್ದಾರಿಗೆ ಪ್ರತ್ಯೇಕ ದಾರಿ ಕೊಡಿ. ಅವು ಮನೆಗಳ ನಡುವೆ ಹಾಯಲೇಬಾರದು. ಅದು ಈಗಾಗಲೇ ಆಗಿಹೋಗಿದ್ದರೆ, ಆ ಬಡಾವಣೆಯನ್ನು ಜಿಲ್ಲೆಯಾಗಿ ಗುರುತಿಸಿ ಭಾರಿ ವಾಹನ ನಿಷೇಧದ ನೀತಿಯನ್ನು ಜಾರಿಗೊಳಿಸಬಹುದು, ಆದರೆ ಲಾರಿಗಳಿಗೆ ಬೇರೆ ದಾರಿ ತೆರೆದ ಮೇಲೆ ಮಾತ್ರ. ಇನ್ನೊಂದು ಸಂಗತಿ: ದಟ್ಟಣೆಯಲ್ಲಿ ಬಹಳ ಹೊತ್ತು ಸಿಕ್ಕಿಬಿದ್ದ ವಾಹನವನ್ನು ಆಟ ಮಾಯ ಮಾಡಿಬಿಡುತ್ತದೆ. ಆದ್ದರಿಂದ ಸಾಲು ಕರಗಿದಂತೆ ಕಂಡರೂ ಸರಕು ಅಂಗಡಿಯನ್ನು ತಲುಪಿರುವುದಿಲ್ಲ.

ಎಲ್ಲಿ ಸರಿಪಡಿಸಬೇಕೆಂದು ತಿಳಿಯಲು ಸಂಚಾರದ ನೋಟದಲ್ಲಿ ಕೆಂಪಾಗಿರುವ ರಸ್ತೆಯನ್ನು ಹಿಡಿದು ಸಾಲಿನ ತಲೆಯವರೆಗೂ ಹೋಗಿ. ಕೆಂಪು ಬಣ್ಣ ಒಂದು ಮೈಲಿ ಉದ್ದವಿದ್ದರೂ ಕಾರಣ ಸಾಲಿನ ತಲೆಯಲ್ಲಿರುವ ಒಂದೇ ಜಂಕ್ಷನ್ ಆಗಿರುತ್ತದೆ.

ನಮ್ಮಲ್ಲಿರುವಂತೆ ವಾಹನಗಳು ಎಡಬದಿಯಲ್ಲಿ ಓಡುವ ಹಾಗೆ ಮಾಡಬಹುದೇ?

ಮಾಡಬಹುದು. ಹೊಸ ನಗರ ಆರಂಭಿಸುವಾಗ ಎಡಬದಿ ಸಂಚಾರದ ಆಯ್ಕೆ ಇರುತ್ತದೆ. ಆರಂಭಿಸುವ ಮುನ್ನವೇ ಅದನ್ನು ಆರಿಸಿಕೊಂಡರೆ ವೃತ್ತಗಳ ದಿಕ್ಕು, ಇಳಿದಾಣಗಳ ಬದಿ ಎಲ್ಲವೂ ನಾವು ದಿನವೂ ಕಾಣುವ ರಸ್ತೆಯಂತೆಯೇ ಇರುತ್ತವೆ. ಆದರೆ ಹೊರದೇಶದವರ ವಿಡಿಯೊ ನೋಡಿ ಜಂಕ್ಷನ್ ನಕಲು ಮಾಡುವಾಗ ಅವರ ವಿನ್ಯಾಸವನ್ನು ಕನ್ನಡಿಯಲ್ಲಿ ಕಂಡಂತೆ ತಿರುಗಿಸಿಕೊಳ್ಳಬೇಕು.

ಚೆನ್ನಾಗಿ ನಡೆಯುತ್ತಿದ್ದ ಊರಿನಲ್ಲಿ ಒಮ್ಮೆಲೇ ನೂರಾರು ಮನೆಗಳ ಮೇಲೆ ಸಾವಿನ ಚಿಹ್ನೆ ಕಾಣಿಸಿಕೊಂಡಿತು. ರೋಗವೇನಾದರೂ ಹರಡಿತೇ?

ರೋಗವಲ್ಲ. ಹೊಸ ಮನೆಗಳಿಗೆ ಬರುವವರು ಹೆಚ್ಚುಕಡಿಮೆ ಒಂದೇ ವಯಸ್ಸಿನವರಾಗಿರುತ್ತಾರೆ. ಒಂದೇ ಸಲಕ್ಕೆ ಐನೂರು ಮನೆಗಳನ್ನು ಗುರುತಿಸಿದರೆ ಅಲ್ಲಿಯ ಜನ ಒಟ್ಟಿಗೆ ಬಂದು, ಒಟ್ಟಿಗೆ ವಯಸ್ಸಾಗಿ, ಒಟ್ಟಿಗೆ ಸಾಯುತ್ತಾರೆ. ಆಗ ಎಷ್ಟು ಶವವಾಹನಗಳಿದ್ದರೂ ಸಾಲುವುದಿಲ್ಲ, ಅವೆಲ್ಲ ಒಮ್ಮೆಗೆ ರಸ್ತೆಗಿಳಿದು ದಟ್ಟಣೆಯನ್ನೂ ಹೆಚ್ಚಿಸುತ್ತವೆ, ಶವ ಸಾಗಿಸದ ಮನೆಗಳನ್ನು ಜನ ತೊರೆಯುತ್ತಾರೆ. ಖಾಲಿಯಾದ ಮನೆಗಳಿಗೆ ಮತ್ತೆ ಒಂದೇ ವಯಸ್ಸಿನವರು ಬಂದು ತುಂಬುವುದರಿಂದ ಅದೇ ಅಲೆ ಇನ್ನೊಮ್ಮೆ ಮರಳುತ್ತದೆ.

ಅಲೆ ಬಂದಾಗ ಕಾಲವನ್ನು ನಿಲ್ಲಿಸಿ, ಚಿತಾಗಾರಗಳನ್ನು ಬೇರೆ ಬೇರೆ ಬಡಾವಣೆಗಳಲ್ಲಿ ಹಂಚಿ ಕಟ್ಟಿ, ಆರೋಗ್ಯದ ಬಜೆಟ್ಟನ್ನು ತಾತ್ಕಾಲಿಕವಾಗಿ ಏರಿಸಿ. ಸ್ಮಶಾನ ತುಂಬುತ್ತದೆ, ಚಿತಾಗಾರ ತುಂಬುವುದಿಲ್ಲ. ಮುಂದೆ ಮರಳದಂತೆ ತಡೆಯಲು ಇರುವುದು ಒಂದೇ ದಾರಿ: ಮನೆಗಳನ್ನು ಸಣ್ಣ ಸಣ್ಣ ಕಂತುಗಳಲ್ಲಿ, ನಡುವೆ ಆಟದ ಕಾಲದ ಕೆಲವು ತಿಂಗಳು ಬಿಟ್ಟು ಗುರುತಿಸುವುದು.

ಶಾಲೆಗಳನ್ನು ಕಟ್ಟಿದ ಮೇಲೆ ಕಾರ್ಖಾನೆಗಳಿಗೆ ಕೆಲಸಗಾರರೇ ಸಿಗುತ್ತಿಲ್ಲ. ಶಾಲೆ ಕಟ್ಟಿದ್ದು ತಪ್ಪಾಯಿತೇ?

ತಪ್ಪಲ್ಲ. ಓದಿದವರು ಕಚೇರಿ ಕೆಲಸಗಳತ್ತ ವಾಲುತ್ತಾರೆ, ಸಾಮಾನ್ಯ ಕಾರ್ಖಾನೆಗಳಿಗೆ ಕೈಗಳು ಕಡಿಮೆಯಾಗುತ್ತವೆ. ಅದೇ ಹೊತ್ತಿಗೆ ಓದು ಮತ್ತು ಭೂಮಿಯ ಮೌಲ್ಯ ಏರಿದಂತೆ ಮನೆಗಳು ಐದನೆಯ ಹಂತದವರೆಗೆ ಮೇಲೇರುತ್ತವೆ, ತೆರಿಗೆಯೂ ಹೆಚ್ಚುತ್ತದೆ. ಆದ್ದರಿಂದ ಹಳದಿ ಬೇಡಿಕೆಯನ್ನು ಕಾರ್ಖಾನೆಗಳಿಂದಲೇ ತುಂಬದೆ ಸ್ವಲ್ಪ ಸ್ವಲ್ಪವಾಗಿ ಕಚೇರಿಗಳತ್ತ ಹೊರಳಿಸಿ. ಕಚೇರಿ ನೆಲವನ್ನು ಕೆಡಿಸುವುದಿಲ್ಲ, ಲಾರಿಗಳನ್ನೂ ಬೇಡುವುದಿಲ್ಲ. ಆದರೆ ಅದು ಅಂಗಡಿಗೆ ಸರಕು ಕೊಡುವುದಿಲ್ಲವಾದ್ದರಿಂದ ಕಾರ್ಖಾನೆಗಳನ್ನು ಪೂರ್ತಿ ಕೆಡವಬೇಡಿ.

ಕೃಷಿ ಮತ್ತು ಅರಣ್ಯ ಉದ್ಯಮಕ್ಕೆ ಮೀಸಲಿಟ್ಟ ಜಿಲ್ಲೆಗಳು ನೆಲವನ್ನು ಮಲಿನಗೊಳಿಸುವುದಿಲ್ಲ. ಅದಿರು ಮತ್ತು ತೈಲದ ನಿಕ್ಷೇಪಗಳು ಬರಿದಾಗುತ್ತವೆ; ಅವುಗಳ ಆದಾಯವನ್ನೇ ನಂಬಿ ಊರನ್ನು ಕಟ್ಟುವುದು ಹೊಸಬರಿಗೆ ತಕ್ಕದ್ದಲ್ಲ.

ಬಸ್ಸುಗಳನ್ನು ಯಾವಾಗ ಆರಂಭಿಸಬೇಕು?

ಸಾಧ್ಯವಾದ ಕೂಡಲೇ, ಆದರೆ ಒಂದೇ ಮಾರ್ಗದಿಂದ. ಮನೆಗಳಿಂದ ಕೆಲಸದ ಜಾಗಕ್ಕೆ ಹೋಗಿ ಮರಳುವ ಸಣ್ಣ ಸುತ್ತನ್ನು ಹಾಕಿ, ಕೊನೆಗೆ ಮೊದಲ ನಿಲ್ದಾಣವನ್ನೇ ಮತ್ತೆ ಒತ್ತಿ ಮಾರ್ಗವನ್ನು ಮುಚ್ಚಿ. ಸುತ್ತು ಮುಚ್ಚದಿದ್ದರೆ ಬಸ್ಸು ಹೊರಡುವುದಿಲ್ಲ.

ಅಪರಿಮಿತ ಹಣದ ಆಯ್ಕೆಯನ್ನು ಬಳಸುವುದು ಸರಿಯೇ?

ಕನ್ಸೋಲ್ ಆವೃತ್ತಿಯಲ್ಲೇ ಅಪರಿಮಿತ ಹಣ ಮತ್ತು ಎಲ್ಲ ಕಟ್ಟಡಗಳನ್ನೂ ಮೊದಲೇ ತೆರೆಯುವ ಆಯ್ಕೆಗಳಿವೆ. ಅವನ್ನು ಬಳಸಿದ ನಗರದಲ್ಲಿ ಟ್ರೋಫಿಗಳು ಸಿಗುವುದಿಲ್ಲ. ಜಂಕ್ಷನ್ ಕಟ್ಟುವುದನ್ನು ಅಭ್ಯಾಸ ಮಾಡಲು, ಕಂಟ್ರೋಲರ್‌ನಿಂದ ಬಾಗಿದ ರಸ್ತೆ ಎಳೆಯುವುದನ್ನು ಕಲಿಯಲು ಅಂಥ ನಗರವೊಂದನ್ನು ಬೇರೆಯಾಗಿ ಇಟ್ಟುಕೊಳ್ಳುವಂತೆ ನಾನು ಎಲ್ಲರಿಗೂ ಹೇಳುತ್ತೇನೆ. ಆದರೆ ಬಜೆಟ್ಟಿನ ಕಷ್ಟ ತಿಳಿಯದೆ ಇದನ್ನಷ್ಟೇ ಆಡಿದವರಿಗೆ ಮೂರನೆಯ ದಿನ ಆಟ ಸಪ್ಪೆಯೆನಿಸುತ್ತದೆ.

ಇವೇ ಸೂತ್ರಗಳು ‘ಫ್ರಾಸ್ಟ್‌ಪಂಕ್’ಗೂ ಹೊಂದುತ್ತವೆಯೇ?

ಬಹುಪಾಲು ಹೊಂದುವುದಿಲ್ಲ, ಅದಕ್ಕಾಗಿಯೇ ಅದನ್ನು ಮೊದಲ ಆಟವಾಗಿ ಬೇಡವೆಂದೆ. ಪೋಲೆಂಡಿನ 11 ಬಿಟ್ ಸ್ಟುಡಿಯೋಸ್ ರೂಪಿಸಿದ ಈ ಆಟ 2019ರಲ್ಲಿ ಕನ್ಸೋಲ್‌ಗೆ ಬಂದಿತು. ಅಲ್ಲಿ ಹಿಮದ ನಡುವೆ 80 ಜನ ಒಂದು ಉಗಿಯಂತ್ರದ ಸುತ್ತ ಬದುಕಬೇಕು. ಕಾಯುತ್ತಾ ಕುಳಿತರೆ ಚಳಿ ಕೊಲ್ಲುತ್ತದೆ. ಮೊದಲ ದಿನವೇ ಎಲ್ಲರನ್ನೂ ಕಲ್ಲಿದ್ದಲು, ಮರ, ಉಕ್ಕಿನ ರಾಶಿಗಳಿಗೆ ಹಚ್ಚಿ. ಕತ್ತಲಾಗುವ ಮುನ್ನ ಯಂತ್ರಕ್ಕೆ ಸಾಕಷ್ಟು ಕಲ್ಲಿದ್ದಲು ಸಿಗಬೇಕು. ಸಂಶೋಧನಾಲಯವನ್ನು ಬೇಗ ಕಟ್ಟಿ, ಅದು ಒಂದು ದಿನವೂ ಸುಮ್ಮನಿರದಂತೆ ನೋಡಿಕೊಳ್ಳಿ. ದೀಪಸ್ತಂಭ ಕಟ್ಟಿ ಅನ್ವೇಷಕರನ್ನು ಹೊರಕ್ಕೆ ಕಳುಹಿಸುವುದನ್ನು ತಡಮಾಡಬೇಡಿ, ಏಕೆಂದರೆ ಹೊರಗಿನಿಂದ ಬರುವ ಜನ ಮತ್ತು ಸಾಮಗ್ರಿಯಿಲ್ಲದೆ ಮುಂದಿನ ಚಳಿಯನ್ನು ದಾಟುವುದು ಕಷ್ಟ. ಮಕ್ಕಳನ್ನು ದುಡಿಸುವ ಕಾನೂನು, ಇಪ್ಪತ್ನಾಲ್ಕು ಗಂಟೆಗಳ ಪಾಳಿ ಮುಂತಾದ ಆಯ್ಕೆಗಳನ್ನು ಆಟ ನಿಮ್ಮ ಮುಂದಿಡುತ್ತದೆ, ಅವಿಲ್ಲದೆಯೂ ಗೆಲ್ಲಬಹುದು. ಮೊದಲ ಪ್ರಯತ್ನದಲ್ಲಿ ಊರು ಹೆಪ್ಪುಗಟ್ಟಿದರೆ ಎದೆಗುಂದಬೇಡಿ.

ನನ್ನ ನಗರ ಕೆಟ್ಟುಹೋಗಿದೆ. ಅಳಿಸಿ ಹೊಸದಾಗಿ ಆರಂಭಿಸಲೇ, ಅದನ್ನೇ ಸರಿಪಡಿಸಲೇ?

ಸರಿಪಡಿಸಲು ಒಂದು ಸಂಜೆಯನ್ನಾದರೂ ಕೊಡಿ. ಮೊದಲು ಈಗಿರುವ ಸ್ಥಿತಿಯನ್ನು ಬೇರೆ ಹೆಸರಿನಲ್ಲಿ ಉಳಿಸಿ, ಅನಂತರ ಕಾಲವನ್ನು ನಿಲ್ಲಿಸಿ ಹೊಸ ಬಡಾವಣೆ ಗುರುತಿಸುವುದನ್ನು ಪೂರ್ತಿ ಬಿಟ್ಟುಬಿಡಿ. ವಿದ್ಯುತ್ತು, ನೀರು, ಕೊಳಚೆ, ಕಸ, ಸಂಚಾರ, ಈ ಅನುಕ್ರಮದಲ್ಲಿ ನೋಟಗಳನ್ನು ತೆರೆದು ಒಂದೊಂದೇ ಕೊರತೆಯನ್ನು ಹುಡುಕಿ. ಒಂದನ್ನು ಸರಿಪಡಿಸಿದ ಮೇಲೆ ಆಟದ ಕೆಲವು ವಾರಗಳನ್ನು ಓಡಿಸಿ ಫಲ ನೋಡಿಯೇ ಮುಂದಿನದಕ್ಕೆ ಹೋಗಿ. ಒಟ್ಟಿಗೆ ಐದನ್ನು ಬದಲಿಸಿದರೆ ಯಾವುದು ಊರನ್ನು ಉಳಿಸಿತೆಂದು ತಿಳಿಯದು, ಮುಂದಿನ ನಗರದಲ್ಲಿ ಅದೇ ತಪ್ಪು ಮರಳುತ್ತದೆ. ವಾರದ ಆದಾಯ ಋಣದಲ್ಲೇ ಉಳಿದು, ಸಾಲಗಳೆಲ್ಲ ಮುಗಿದು, ಖಾಲಿ ಮನೆಗಳನ್ನು ಕೆಡವಲು ಕೂಡ ಕೈ ಸಾಲದಂತಾದರೆ ಆಗ ಹೊಸ ನಕ್ಷೆಯನ್ನು ತೆರೆಯಿರಿ. ಹಳೆಯ ನಗರವನ್ನು ಮಾತ್ರ ಅಳಿಸಬೇಡಿ: ಹೊಸ ಊರಿನ ಮೊದಲ ಜಂಕ್ಷನ್ ಎಳೆಯುವ ಮುನ್ನ ಹಳೆಯದರ ಕೆಂಪು ರಸ್ತೆಗಳನ್ನು ಒಮ್ಮೆ ನೋಡಿಕೊಂಡು ಬರಲು ಅದು ಬೇಕಾಗುತ್ತದೆ.